ಅಮೀರ್ ಟಾಕೀಸ್ ಹೆಸರಿನ ಹಿಂದಿನ ಅಮೀರಬಾಯಿ: ಯುದ್ಧದ ಹಾಡಿಗೆ ದನಿ ಕೊಟ್ಟ ನಮ್ಮ ಜಿಲ್ಲೆಯ ಹೆಣ್ಣುಮಗಳು

ವಿಜಯಪುರ: ಅಮೀರ್ ಟಾಕೀಸ್ ಅಂದ್ರ ಗೊತ್ತಿಲ್ಲದ ಹಳಬರು ನಮ್ಮ ಊರಾಗ ಸಿಗೂದಿಲ್ಲ. ತಿಕೋಟಾ, ಬಬಲೇಶ್ವರ ಕಡೆಯಿಂದ ಸಂತಿಗೆ, ಕೋರ್ಟಿಗೆ, ದವಾಖಾನಿಗೆ ಅಂತ ಬಂದವರು ಕೆಲಸ ಮುಗಿಸಿ ಒಂದು ಸಿನಿಮಾ ನೋಡಿಕೊಂಡೇ ಊರಿಗೆ ಹೋಗುತ್ತಿದ್ದ ಕಾಲವೊಂದಿತ್ತು. ಆದರೆ ಆ ಅಮೀರ್ ಯಾರು ಅಂತ ಇವತ್ತಿನ ಕಾಲೇಜು ಹುಡುಗರನ್ನು ಕೇಳಿ ನೋಡ್ರಿ. ಯಾರೋ ಸಾಹುಕಾರ ಇರಬೇಕು, ಟಾಕೀಸ್ ಮಾಲೀಕ ಇರಬೇಕು ಅಂತಾರೆ. ಅದು ಗಂಡಸಿನ ಹೆಸರು ಅಂತಲೇ ಬಹಳ ಮಂದಿಯ ತಿಳಿವಳಿಕೆ.

ಅದು ಅಮೀರಬಾಯಿ ಕರ್ನಾಟಕಿ ಅವರ ಹೆಸರು. ಲತಾ ಮಂಗೇಶ್ಕರ್ ಬರುವುದಕ್ಕೆ ಮೊದಲು ಹಿಂದಿ ಸಿನಿಮಾದ ದೊಡ್ಡ ದನಿಗಳಲ್ಲಿ ಒಂದು. ಕನ್ನಡ ಕೋಗಿಲೆ ಎಂಬ ಬಿರುದು ಪಡೆದಾಕಿ. ಎರಡನೇ ಮಹಾಯುದ್ಧದ ನಡುವೆ ಇಡೀ ದೇಶದ ಥೇಟರುಗಳಲ್ಲಿ ಮಂದಿಯನ್ನು ಎದ್ದು ನಿಲ್ಲಿಸಿದ ಹಾಡಿನಲ್ಲಿ ಕೇಳುವ ಹೆಣ್ಣುದನಿ ಈ ನಮ್ಮ ಜಿಲ್ಲೆಯದು.

ಹುಟ್ಟಿದ್ದು ಬೀಳಗಿಯಲ್ಲಿ, 20ನೇ ಶತಮಾನದ ಆರಂಭದ ವರ್ಷಗಳಲ್ಲಿ. ಬೀಳಗಿ ಈಗ ಬಾಗಲಕೋಟೆ ಜಿಲ್ಲೆಗೆ ಸೇರಿದೆ. 1997ರಲ್ಲಿ ಜಿಲ್ಲೆ ಒಡೆಯುವ ತನಕ ಅದು ನಮ್ಮ ವಿಜಾಪುರ ಜಿಲ್ಲೆಯೇ. ಮನೆತನ ಹಾಡು, ನಾಟಕದ್ದು. ಅಕ್ಕತಂಗಿಯರಲ್ಲಿ ಹೆಸರು ಮಾಡಿದವರು ಇಬ್ಬರು, ಅಕ್ಕ ಗೋಹರಬಾಯಿ ಮತ್ತು ಅಮೀರಬಾಯಿ. ಆಗ ನಮ್ಮ ಭಾಗದಲ್ಲಿ ಕಂಪನಿ ನಾಟಕದ ಹವಾ ಜೋರು. ಕನ್ನಡ, ಮರಾಠಿ, ಉರ್ದು ಮೂರೂ ಬಲ್ಲ ಕಲಾವಿದರಿಗೆ ಹುಬ್ಬಳ್ಳಿಯಿಂದ ಪುಣೆ, ಮುಂಬೈವರೆಗೂ ದಾರಿ ತೆರೆದಿರುತ್ತಿತ್ತು. ಅಕ್ಕತಂಗಿಯರಿಬ್ಬರೂ ಆ ದಾರಿ ಹಿಡಿದರು.

ಗೋಹರಬಾಯಿ ಮರಾಠಿ ರಂಗಭೂಮಿಯ ಬಾಲಗಂಧರ್ವರ ಜತೆ ಸೇರಿಕೊಂಡರು. ಬಾಲಗಂಧರ್ವರು ಗಂಡಸಾಗಿ ಹುಟ್ಟಿ ಹೆಣ್ಣಿನ ಪಾತ್ರಗಳಿಂದಲೇ ಜಗತ್ಪ್ರಸಿದ್ಧರಾದವರು. ಅವರು ಸೀರೆ ಉಟ್ಟ ರೀತಿಯನ್ನು ಮನೆತನಸ್ಥ ಹೆಣ್ಣುಮಕ್ಕಳೇ ನೋಡಿ ಕಲಿಯುತ್ತಿದ್ದರಂತೆ. ನಿಜವಾದ ಹೆಣ್ಣುಮಗಳು ರಂಗ ಹತ್ತಿದರೆ ಊರು ಬಾಯಿಗೆ ಬಂದಂತೆ ಮಾತಾಡುತ್ತಿತ್ತು. ಗೋಹರಬಾಯಿ ಆ ಮಾತು ಸಾಕಷ್ಟು ಕೇಳಿದರು, ಬಾಲಗಂಧರ್ವರ ಬಾಳಸಂಗಾತಿಯಾಗಿಯೂ ಉಳಿದರು. ಅವರದೇ ಬೇರೊಂದು ಕಥೆಯಾದೀತು, ಇಲ್ಲಿಗೆ ಬಿಡೋಣ.

ತಂಗಿಗೆ ಸಿನಿಮಾ ಸಿಕ್ಕಿತು. 1934ರ ವಿಷ್ಣುಭಕ್ತಿ ಚಿತ್ರದಿಂದ ಶುರು. ಆಗ ನಟಿಸುವವರೇ ಹಾಡಬೇಕಿತ್ತು. ಹಿನ್ನೆಲೆ ಗಾಯನ ಬೇರೆ ಕಸುಬಾಗಿ ನಿಂತಿದ್ದು ನಿಧಾನಕ್ಕೆ. ಸುಮಾರು ಎಂಟು ಹತ್ತು ವರ್ಷ ಅಮೀರಬಾಯಿ ಸಣ್ಣಪುಟ್ಟ ಪಾತ್ರ ಮಾಡುತ್ತ, ಹಾಡುತ್ತ ಕಳೆದರು. 1940ರ ನರಸಿ ಭಗತ್ ಚಿತ್ರದಿಂದ ಅವರ ದನಿ ಮಂದಿಗೆ ಗುರುತಾಯಿತು. ದೊಡ್ಡ ಹೆಸರು ಬರಲು ಇನ್ನೂ ಮೂರು ವರ್ಷ ಬೇಕಾಯಿತು.

1943ರ ಜನವರಿಯಲ್ಲಿ ಬಾಂಬೆ ಟಾಕೀಸ್‌ನ ಕಿಸ್ಮತ್ ತೆರೆಗೆ ಬಂತು. ನಿರ್ದೇಶಕ ಜ್ಞಾನ್ ಮುಖರ್ಜಿ, ಸಂಗೀತ ಅನಿಲ್ ಬಿಸ್ವಾಸ್, ಹಾಡು ಬರೆದವರು ಕವಿ ಪ್ರದೀಪ್. ನಾಯಕ ಅಶೋಕ್ ಕುಮಾರ್ ಇಲ್ಲಿ ರಾಜನೂ ಅಲ್ಲ, ಸಂತನೂ ಅಲ್ಲ, ಒಬ್ಬ ಕಿಸೆಗಳ್ಳ. ಸಿಗರೇಟು ಸೇದುವ, ಜೈಲಿಗೆ ಹೋಗಿ ಬರುವ ಹೀರೋ ನಮ್ಮ ಸಿನಿಮಾಕ್ಕೆ ಹೊಸಬ. ನಾಯಕಿ ರಾಣಿ ಕುಂಟುವ ಹುಡುಗಿ. ಚಿಕ್ಕಂದಿನಲ್ಲಿ ತಂದೆಯೇ ಚಪ್ಪಾಳೆಯ ಆಸೆಗೆ ಮಿತಿಮೀರಿ ಕುಣಿಸಿ ಕಾಲು ಕೆಡಿಸಿರುತ್ತಾನೆ. ನಂತರ ಕುಡಿದು ಹಾಳಾಗಿ ಊರು ಬಿಟ್ಟಿರುತ್ತಾನೆ. ಆ ಪಾತ್ರ ಮಾಡಿದ ಮುಮ್ತಾಜ್ ಶಾಂತಿ ಅವರ ತುಟಿಗೆ ದನಿ ಕೊಟ್ಟವರು ಅಮೀರಬಾಯಿ.

ಆ ಚಿತ್ರದಲ್ಲೊಂದು ರಂಗದ ಮೇಲಿನ ಸಮೂಹ ಹಾಡು ಬರುತ್ತದೆ. ಅಮೀರಬಾಯಿ, ಖಾನ್ ಮಸ್ತಾನಾ ಮತ್ತು ಸಂಗಡಿಗರು ಹಾಡಿದ್ದು. ಪರದೇಶದವರು ಈ ನೆಲದಿಂದ ದೂರ ಸರಿಯಬೇಕೆಂದು ಎಚ್ಚರಿಸುವ, ಯಾರ ಮುಂದೂ ತಲೆ ತಗ್ಗಿಸಬಾರದೆಂದು ಹುರಿದುಂಬಿಸುವ ಹಾಡು. ಕವಿ ಅದರಲ್ಲಿ ಜರ್ಮನ್, ಜಪಾನಿಗಳ ಹೆಸರು ಸೇರಿಸಿದ್ದರು. ಇಂಗ್ಲಿಷ್ ಸರಕಾರಕ್ಕೂ ಆಗ ಅವರೇ ವೈರಿಗಳು. ಹಾಗಾಗಿ ಸೆನ್ಸಾರ್ ಅಧಿಕಾರಿಗಳು ಇದು ನಮ್ಮ ಪರವಾದ ಯುದ್ಧದ ಹಾಡು ಅಂತ ತಿಳಿದು ಬಿಟ್ಟರು. ಕ್ವಿಟ್ ಇಂಡಿಯಾ ಚಳವಳಿ ಆಗಿ ಐದಾರು ತಿಂಗಳಷ್ಟೇ ಆಗಿತ್ತು, ಮುಖಂಡರೆಲ್ಲ ಜೈಲಿನಲ್ಲಿದ್ದರು. ಥೇಟರಿನಲ್ಲಿ ಕೂತ ಮಂದಿಗೆ ದೂರ ಸರಿಯಬೇಕಾದವರು ಯಾರು ಅಂತ ಬಿಡಿಸಿ ಹೇಳಬೇಕಿರಲಿಲ್ಲ. ರೀಲು ಹಿಂದಕ್ಕೆ ಸುತ್ತಿಸಿ ಅದೇ ಹಾಡು ಮತ್ತೆ ಮತ್ತೆ ಹಾಕಿಸುತ್ತಿದ್ದರು ಅನ್ನುವುದು ಸಿನಿಮಾ ಮಂದಿ ಇವತ್ತಿಗೂ ಹೇಳುವ ಮಾತು. ಕಲಕತ್ತೆಯ ರಾಕ್ಸಿ ಥೇಟರಿನಲ್ಲಿ ಕಿಸ್ಮತ್ ಮೂರು ವರ್ಷಕ್ಕೂ ಹೆಚ್ಚು ಓಡಿತು.

ಇಲ್ಲಿ ಒಂದು ಮಾತು ಹೇಳಲೇಬೇಕು. ಯುದ್ಧಕ್ಕೆ ಹುರುಪು ತುಂಬುವ ಹಾಡು ಅಂದ್ರ ಗಂಡಸಿನ ದನಿ, ಎದೆ ಉಬ್ಬಿಸಿ ನಿಂತ ಭಂಗಿ ಅಂತ ನಾವು ತಿಳಿದಿದ್ದೇವೆ. ಕಿಸ್ಮತ್‌ನಲ್ಲಿ ಆ ಹುರುಪು ಹೊತ್ತ ಮುಖ್ಯ ದನಿ ಹೆಣ್ಣಿನದು. ಯಾರಿಗೂ ಬಾಗಬೇಡ ಅಂತ ಊರಿಗೆಲ್ಲ ಹಾಡಿ ಹೇಳಿದ ಆ ಹೆಣ್ಣುಮಗಳ ಮನೆಯೊಳಗೆ ಬೇರೆಯೇ ನಡೆದಿತ್ತು.

ಅಮೀರಬಾಯಿಯ ಮೊದಲ ಗಂಡ ನಟ ಹಿಮಾಲಯವಾಲಾ. ಆಳೆತ್ತರದ ಮೈಕಟ್ಟು, ಗಡಸು ದನಿ. ತೆರೆಯ ಮೇಲೆ ಖಳನ ಪಾತ್ರಕ್ಕೆ ಹೇಳಿ ಮಾಡಿಸಿದಂಥ ಆಳು. ಮನೆಯಲ್ಲೂ ಅದೇ ನಡೆಯಿತು. ಹೊಡೆತ, ಬಡಿತ, ಆಕಿ ದುಡಿದ ರೊಕ್ಕದ ಮೇಲೆ ಹಕ್ಕು. ಕಿಸ್ಮತ್, ಅದರ ಮರುವರ್ಷ ನೌಷಾದ್ ಸಂಗೀತದ ರತನ್. ಹೀಗೆ ದೇಶವೆಲ್ಲ ಆಕಿಯ ಹಾಡು ಗುನುಗುತ್ತಿದ್ದ ಕಾಲಕ್ಕೆ ಆಕಿ ತಲಾಕು ಪಡೆದು ಹೊರಬರಲು ಒದ್ದಾಡಬೇಕಾಯಿತು. ಬಿಡುಗಡೆಯೇನೋ ಸಿಕ್ಕಿತು, ಸಲೀಸಾಗಿ ಅಲ್ಲ. ದೇಶ ಇಬ್ಭಾಗವಾದ ಮೇಲೆ ಹಿಮಾಲಯವಾಲಾ ಪಾಕಿಸ್ತಾನಕ್ಕೆ ಹೋಗಿ ಅಲ್ಲಿನ ಚಿತ್ರಗಳಲ್ಲಿ ನಟಿಸಿದ. ಅಮೀರಬಾಯಿ ಇಲ್ಲೇ ಉಳಿದರು. ಮುಂದೆ ಪಾರಸ್ ಪತ್ರಿಕೆಯ ಸಂಪಾದಕ ಬದ್ರಿ ಕಾಂಚವಾಲಾ ಅವರನ್ನು ಮದುವೆಯಾದರು. ಆ ಸಂಸಾರ ನೆಮ್ಮದಿಯದ್ದು.

ಪರದೆ ಮೇಲೆ ಗಂಡಸುತನ ತೋರಿಸುವ ಸಿನಿಮಾ ಜಗತ್ತು ತನ್ನ ಒಳಮನೆಯ ಗಂಡಸುತನವನ್ನು ಮಾತ್ರ ಯಾವತ್ತೂ ಕಥೆ ಮಾಡಲಿಲ್ಲ. ಖರೇ ಹೇಳಬೇಕಂದ್ರ, ಯುದ್ಧದ ವಿಷಯದಲ್ಲೂ ಅದು ಹಾಗೇ ನಡೆದುಕೊಂಡಿತು. ಎರಡನೇ ಮಹಾಯುದ್ಧದಲ್ಲಿ ಬ್ರಿಟಿಷರ ಸೈನ್ಯದಲ್ಲಿ ಸುಮಾರು 25 ಲಕ್ಷ ಭಾರತೀಯರಿದ್ದರು. ಬರ್ಮಾ, ಆಫ್ರಿಕಾ, ಇಟಲಿಯಿಂದ ತಿರುಗಿ ಬಂದವರು ಹೇಗೆ ನಿದ್ದೆ ಮಾಡಿದರು, ಹೆಂಡತಿ ಮಕ್ಕಳ ಜತೆ ಹೇಗೆ ಬಾಳಿದರು ಅನ್ನುವುದನ್ನು ನಮ್ಮ ಆ ಕಾಲದ ಸಿನಿಮಾ ಅಷ್ಟಾಗಿ ಕೇಳಲಿಲ್ಲ. ಅಮೆರಿಕದಲ್ಲಿ 1946ರಲ್ಲೇ ದಿ ಬೆಸ್ಟ್ ಇಯರ್ಸ್ ಆಫ್ ಅವರ್ ಲೈವ್ಸ್ ಅನ್ನುವ ಚಿತ್ರ ಬಂತು. ಮನೆಗೆ ಮರಳಿದ ಮೂವರ ಕಥೆ. ಎರಡೂ ಕೈ ಕಳೆದುಕೊಂಡ ಖರೇ ಸೈನಿಕ ಹೆರಾಲ್ಡ್ ರಸೆಲ್ ಅದರಲ್ಲಿ ನಟಿಸಿ ಆಸ್ಕರ್ ಪಡೆದ. ಆದರೆ ಅದೇ ವರ್ಷ ನಿರ್ದೇಶಕ ಜಾನ್ ಹ್ಯೂಸ್ಟನ್ ಮನಸ್ಸು ಕೆಟ್ಟ ಸೈನಿಕರ ಆಸ್ಪತ್ರೆಯಲ್ಲಿ ತೆಗೆದ ಸಾಕ್ಷ್ಯಚಿತ್ರವನ್ನು ಅಲ್ಲಿನ ಸೈನ್ಯವೇ ಮುಚ್ಚಿಟ್ಟಿತು. ಮಂದಿಗೆ ಅದು ಕಂಡಿದ್ದು 1980ರ ದಶಕದಲ್ಲಿ. ಅಳುವ ಸೈನಿಕ ಅವರಿಗೂ ಬೇಡವಾಗಿದ್ದ.

ನಮ್ಮಲ್ಲಿ 1950ರಲ್ಲಿ ಸಮಾಧಿ ಬಂತು. ಸುಭಾಷಚಂದ್ರ ಬೋಸರ ಆಜಾದ್ ಹಿಂದ್ ಫೌಜಿನ ಕಥೆ, ನಾಯಕ ಮತ್ತೆ ಅಶೋಕ್ ಕುಮಾರ್. ಅದರಲ್ಲೂ ಅಮೀರಬಾಯಿ ಹಾಡಿದರು, ಈ ಸಲ ಲತಾ ಮಂಗೇಶ್ಕರ್ ಜತೆ. ಸಿ. ರಾಮಚಂದ್ರ ಸಂಗೀತದ ಆ ಕುಣಿತದ ಹಾಡು ಈಗಲೂ ಮದುವೆ ಬ್ಯಾಂಡಿನವರ ಬಾಯಿಪಾಠ. ಯುದ್ಧದ ಸಿನಿಮಾದಲ್ಲಿ ಮಂದಿ ನೆನಪಿಟ್ಟುಕೊಂಡಿದ್ದು ಯುದ್ಧವನ್ನಲ್ಲ, ಆ ಕುಣಿತವನ್ನು! ಒಂದೇ ಹಾಡಿನಲ್ಲಿ ಎರಡು ಕಾಲ ಕೂಡಿದ್ದು ಕಿವಿಗೊಟ್ಟರೆ ತಿಳಿಯುತ್ತದೆ. ಒಂದು ದನಿ ತೆಳ್ಳಗೆ, ಎಳೆಯದು. ಇನ್ನೊಂದು ನಾಟಕದ ಕಂಪನಿಯ ಹಿಂದಿನ ಸಾಲಿಗೂ ಮುಟ್ಟಬೇಕು ಅನ್ನುವ ತುಂಬುದನಿ. ಗೆದ್ದದ್ದು ತೆಳ್ಳನೆಯ ದನಿ. 1949ರ ನಂತರ ಲತಾ ಅವರ ಹಾಡು ಮನೆಮನೆ ತುಂಬಿತು. ಅಮೀರಬಾಯಿ, ಜೊಹರಾಬಾಯಿಯಂಥವರಿಗೆ ಹಾಡು ಕಡಿಮೆಯಾದವು.

ಅಷ್ಟರೊಳಗೆ ಆಕಿ ಮಾಡಿದ್ದು ಸಣ್ಣದಲ್ಲ. 1947ರ ಶಹನಾಯಿ ಚಿತ್ರದ ಹಾಡು ಊರೂರು ತಿರುಗಿತ್ತು. 1948ರಲ್ಲಿ ಶಹನಾಜ್ ಚಿತ್ರಕ್ಕೆ ಆಕಿಯೇ ಸಂಗೀತ ನಿರ್ದೇಶಕಿ. ಹೆಣ್ಣುಮಗಳು ಆ ಕುರ್ಚಿಯಲ್ಲಿ ಕೂಡುವುದು ಇವತ್ತಿಗೂ ಅಪರೂಪ. ಹಾಡು ಕಡಿಮೆಯಾದ ಮೇಲೆ ಮತ್ತೆ ನಟನೆಗೆ ತಿರುಗಿದರು, ಪೋಷಕ ಪಾತ್ರಗಳಲ್ಲಿ ಕಾಣಿಸಿಕೊಂಡರು. ಆಕಿಯ ಬದುಕನ್ನು ಹುಡುಕಿ ತೆಗೆದು ಕನ್ನಡದಲ್ಲಿ ಪುಸ್ತಕ ಮಾಡಿಕೊಟ್ಟವರು ಲೇಖಕ ರಹಮತ್ ತರೀಕೆರೆ. ಆ ಕೆಲಸ ಆಗದಿದ್ದರೆ ನಮ್ಮ ಜಿಲ್ಲೆಯವರಿಗೆ ಟಾಕೀಸಿನ ಹೆಸರಷ್ಟೇ ಉಳಿಯುತ್ತಿತ್ತೇನೋ.

ಈ ಬರಹಕ್ಕೆ ಕೂತಾಗ ನೆನಪಾದವರು ನಮ್ಮ ಸೋದರಮಾವ. ಬಬಲೇಶ್ವರ ಕಡೆಯ ಹಳ್ಳಿಯವರು, ಫೌಜಿನಲ್ಲಿದ್ದವರು, 1971ರ ಯುದ್ಧ ನೋಡಿದವರು. ಊರಾಗ ಅವರಿಗೆ ದೊಡ್ಡ ಮರ್ಯಾದೆ. ಜಾತ್ರೆಯಲ್ಲಿ, ಶಾಲೆಯ ಧ್ವಜವಂದನೆಯಲ್ಲಿ ಅವರೇ ಮುಂದೆ. 1997ರಲ್ಲಿ ಬಾರ್ಡರ್ ಸಿನಿಮಾ ಬಂದಾಗ ಹುಡುಗರೆಲ್ಲ ಸೇರಿ ಮಾವನನ್ನು ವಿಜಯಪುರಕ್ಕೆ ಕರಕೊಂಡು ಹೋದೆವು. ನಮ್ಮ ಮಾವನ ಯುದ್ಧ ಅಂತ ನಮಗೆ ಹೆಮ್ಮೆ. ಗುಂಡಿನ ಸದ್ದು ಶುರುವಾಗಿ ಸ್ವಲ್ಪ ಹೊತ್ತಿಗೆ ಪಕ್ಕದ ಕುರ್ಚಿ ಖಾಲಿ. ಹೊರಗೆ ಹೋಗಿ ನೋಡಿದರೆ ಚಾ ಅಂಗಡಿ ಮುಂದೆ ನಿಂತಿದ್ದರು. ಬಟ್ಟಲು ಕೈಯಲ್ಲಿ ನಡುಗುತ್ತಿತ್ತು. ಒಳಗೆ ಸೆಕೆ ಅಂದರು. ನಾವು ಒಳಗೆ ಹೋಗಿ ಉಳಿದ ಸಿನಿಮಾ ನೋಡಿ ಸೀಟಿ ಹೊಡೆದೆವು. ಈಗ ನೆನೆದರೆ ನಾಚಿಕೆಯಾಗುತ್ತದೆ. ಯುದ್ಧ ಕಂಡವರ ಮನಸ್ಸಿಗೆ ಆಗುವ ಈ ಗಾಯಕ್ಕೆ ಡಾಕ್ಟರರ ಪುಸ್ತಕದಲ್ಲಿ ಇವತ್ತಿನ ಹೆಸರು ಸೇರಿದ್ದೇ 1980ರಲ್ಲಿ. ನಮ್ಮ ಮಾವ ಯಾವ ಡಾಕ್ಟರರ ಬಳಿಯೂ ಹೋಗಲಿಲ್ಲ. ಫೌಜಿ ಅಂದ ಮೇಲೆ ಅಂಜಿಕೆ ಅಂತ ಹೇಳಿಕೊಳ್ಳುವುದು ಹ್ಯಾಂಗ?

ಕನ್ನಡದಲ್ಲಿ ಈ ಸಂಕಟಕ್ಕೆ ಹತ್ತಿರ ಬಂದ ಚಿತ್ರ ಅಂದ್ರ 1990ರ ಮುತ್ತಿನ ಹಾರ. ರಾಜೇಂದ್ರ ಸಿಂಗ್ ಬಾಬು ನಿರ್ದೇಶನ, ಕೊಡಗಿನ ಯೋಧನಾಗಿ ವಿಷ್ಣುವರ್ಧನ್, ಹೆಂಡತಿಯಾಗಿ ಸುಹಾಸಿನಿ. ರಣರಂಗಕ್ಕಿಂತ ಮನೆಯೊಳಗಿನ ದುಃಖವೇ ಅದರಲ್ಲಿ ಹೆಚ್ಚು ಕಾಡುತ್ತದೆ. ಹಿಂದಿಯಲ್ಲಿ 1962ರ ಸೋಲಿನ ನಂತರ, 1964ರಲ್ಲಿ ಚೇತನ್ ಆನಂದ್ ಅವರ ಹಕೀಕತ್ ಬಂದು ಹಿಮದಲ್ಲಿ ಸಿಕ್ಕಿಬಿದ್ದ ಸೈನಿಕರನ್ನು ತೋರಿಸಿತು. ಅದಕ್ಕೂ ಮೊದಲು, 1963ರ ಜನವರಿಯಲ್ಲಿ ದಿಲ್ಲಿಯಲ್ಲಿ ನೆಹರೂ ಎದುರು ಲತಾ ಮಂಗೇಶ್ಕರ್ ಮಡಿದ ಯೋಧರ ನೆನಪಿನ ಹಾಡು ಹಾಡಿದ್ದರು. ಅದನ್ನು ಬರೆದವರೂ ಕವಿ ಪ್ರದೀಪ್. ಇಪ್ಪತ್ತು ವರ್ಷದ ಹಿಂದೆ ಅಮೀರಬಾಯಿಗೆ ಸವಾಲಿನ ಹಾಡು ಬರೆದುಕೊಟ್ಟ ಅದೇ ಪೆನ್ನು, ಈ ಸಲ ಬರೆದದ್ದು ಕಣ್ಣೀರಿನ ಹಾಡು. ನಮ್ಮ ವಿಜಯಪುರದ ಸೈನಿಕ ಶಾಲೆ ಶುರುವಾದದ್ದೂ ಅದೇ 1963ರಲ್ಲಿ.

ಅಮೀರಬಾಯಿ ಆಗ ಮುಂಬೈಯಲ್ಲೇ ಇದ್ದರು. ಮಂದಿ ಮರೆತಿದ್ದರು. ಪಾರ್ಶ್ವವಾಯು ಬಡಿದು 1965ರ ಮಾರ್ಚ್ 3ರಂದು ತೀರಿಕೊಂಡರು. ಕೆಲವೇ ತಿಂಗಳಲ್ಲಿ ಪಾಕಿಸ್ತಾನದ ಜತೆ ಮತ್ತೊಂದು ಯುದ್ಧ ಶುರುವಾಯಿತು. ಅದನ್ನು ನೋಡಲು ಆಕಿ ಇರಲಿಲ್ಲ. ಮಣ್ಣಾದದ್ದು ನಮ್ಮ ವಿಜಯಪುರದಲ್ಲೇ.

ತಿಕೋಟಾದ ನಮ್ಮ ಆಯಿ ಹರೆಯದಲ್ಲಿ ಚಕ್ಕಡಿ ಕಟ್ಟಿಸಿಕೊಂಡು, ತೊರವಿ ಹಾದು ಸಿನಿಮಾಕ್ಕೆ ಬರುತ್ತಿದ್ದವಳು. ಹಿಂದಿ ಪೂರಾ ತಿಳಿಯುತ್ತಿರಲಿಲ್ಲ. ಕಿಸ್ಮತ್ ಹೆಸರು ಹೇಳಿದರೆ ಆ ಯುದ್ಧದ ಹಾಡು ಆಕಿಗೆ ನೆನಪೇ ಆಗುತ್ತಿರಲಿಲ್ಲ. ನೆನಪಿದ್ದದ್ದು ಅದೇ ಚಿತ್ರದಲ್ಲಿ ಅಮೀರಬಾಯಿ ಹಾಡಿದ ಇನ್ನೊಂದು ಹಾಡು. ಊರೆಲ್ಲ ದೀಪಾವಳಿ ಮಾಡುವಾಗ ಕತ್ತಲಲ್ಲಿ ಕೂತ ಮನೆಯ ಹಾಡು. ಆಯಿಯ ಮೈದುನ ಸೈನ್ಯಕ್ಕೆ ಸೇರಿ ಹೋದವನು ತಿರುಗಿ ಬಂದಿರಲಿಲ್ಲ. ಹಬ್ಬದ ದಿನ ಹಣತೆಗೆ ಎಣ್ಣೆ ಹಾಕುತ್ತ ಆಕಿ ಆ ಹಾಡು ಗುನುಗುತ್ತಿದ್ದಳು. ಮಾತುಗಳು ಸರಿಯಾಗಿರುತ್ತಿರಲಿಲ್ಲ, ಧಾಟಿ ಮಾತ್ರ ತಪ್ಪುತ್ತಿರಲಿಲ್ಲ.