ಇಂದಿನ ಚಿಂತನೆ: ಪೊರಕೆ ಹಿಡಿದ ಪ್ರೊಫೆಸರ್



ನನ್ನ ಅಪ್ಪ ಪೌರಕಾರ್ಮಿಕರಾಗಿದ್ದರು. ಸಂಜೆ ಹಾರ್ಮೋನಿಯಂ ಹಿಡಿದು ಭೀಮಗೀತೆ ಹಾಡುತ್ತಿದ್ದರು, ಕೆಲವನ್ನು ತಾವೇ ಕಟ್ಟುತ್ತಿದ್ದರು. ಶಾಲೆಯ ಅರ್ಜಿಯಲ್ಲಿ ತಂದೆಯ ಕೆಲಸ ಎಂಬ ಕಡೆ ನಾನು ನಾಚಿಕೆಯಿಂದ ಕೂಲಿ ಎಂದು ಬರೆದಿದ್ದೆ. ಅಮೆರಿಕದ ಒಬ್ಬ ಕಲಾವಿದನ ಬದುಕು ಓದಿದಾಗ ಅದು ನೆನಪಾಯಿತು.

ಅವರ ಹೆಸರು ಹೆನ್ರಿ ರೋಲ್ಯಾಂಡ್ ಬರ್ಡ್. 1918ರಲ್ಲಿ ಲೂಯಿಸಿಯಾನದ ಬೊಗಲೂಸದಲ್ಲಿ ಕಪ್ಪು ಜನರ ಮನೆಯಲ್ಲಿ ಹುಟ್ಟಿದರು. ಬೆಳೆದದ್ದು ನ್ಯೂ ಆರ್ಲಿಯನ್ಸ್ ನಗರದಲ್ಲಿ. ಆಗ ಅಲ್ಲಿ ಟ್ರ್ಯಾಮ್‌ನಲ್ಲೂ ಕಪ್ಪು ಜನರಿಗೆ ಬೇರೆ ಸೀಟು. ಹುಡುಗ ಬೀದಿಯಲ್ಲಿ ಕುಣಿದು ಕಾಸು ಸಂಪಾದಿಸುತ್ತಿದ್ದ. ಯಾರೋ ಬಿಸಾಡಿದ, ಮನೆಗಳು ಮುರಿದ ಪಿಯಾನೋಗಳಲ್ಲಿ ಬೆರಳು ಆಡಿಸಿ ನುಡಿಸುವುದನ್ನು ಕಲಿತ. ಬ್ಲೂಸ್ ಸಂಗೀತಕ್ಕೆ ಕ್ಯೂಬಾದ ರುಂಬಾ ತಾಳ ಬೆರೆಸಿ ತನ್ನದೇ ದಾರಿ ಮಾಡಿಕೊಂಡ. ಆ ಊರಿನಲ್ಲಿ ಪಿಯಾನೋ ನುಡಿಸುವವರನ್ನು ಪ್ರೊಫೆಸರ್ ಎನ್ನುವ ರೂಢಿ. ಕೂದಲು ಉದ್ದವಿದ್ದುದರಿಂದ ಅವರು ಪ್ರೊಫೆಸರ್ ಲಾಂಗ್‌ಹೇರ್ ಆದರು.

1950ರಲ್ಲಿ ಅವರ ‘ಬಾಲ್ಡ್ ಹೆಡ್’ ಹಾಡು ದೇಶದಲ್ಲೆಲ್ಲ ಓಡಿತು. 1953ರಲ್ಲಿ ‘ಟಿಪಿಟಿನಾ’, 1959ರಲ್ಲಿ ‘ಗೋ ಟು ದ ಮಾರ್ಡಿ ಗ್ರಾ’ ಬಂದವು. ಆದರೆ ಹಾಡುಗಳಿಂದ ಹೊಟ್ಟೆ ತುಂಬಲಿಲ್ಲ. 1960ರ ದಶಕದಲ್ಲಿ ಅವರು ರೆಕಾರ್ಡ್ ಮಾರುವ ಅಂಗಡಿಯಲ್ಲೇ ಕಸ ಗುಡಿಸಿದರು, ಇಸ್ಪೀಟ್ ಜೂಜನ್ನೂ ನೆಚ್ಚಿಕೊಂಡರು. ಸಿಗಾಲೋವಾದ ಸುತ್ತದಲ್ಲಿ ಬುದ್ಧರು ಹೇಳಿದ, ಸಂಪತ್ತು ಹಾಳಾಗುವ ಆರು ದಾರಿಗಳಲ್ಲಿ ಜೂಜೂ ಒಂದು. ಅದನ್ನು ಮುಚ್ಚಿಡುವುದು ಬೇಡ. ಪ್ರತಿ ವರ್ಷ ಕಾರ್ನಿವಲ್ ಹಬ್ಬದಲ್ಲಿ ಊರೆಲ್ಲ ಅವರ ಹಾಡಿಗೆ ಕುಣಿಯುತ್ತಿತ್ತು, ಹಾಡು ಮಾಡಿದವರು ಎಲ್ಲಿದ್ದಾರೆಂದು ಕೇಳಿದವರು ಕಡಿಮೆ.

ಕೊನೆಗೆ ಕೆಲವು ಯುವಕ ಯುವತಿಯರು ಅವರನ್ನು ಹುಡುಕಿಕೊಂಡು ಹೋದರು. 1971ರಲ್ಲಿ ನ್ಯೂ ಆರ್ಲಿಯನ್ಸ್‌ನ ಸಂಗೀತ ಉತ್ಸವದಲ್ಲಿ ಅವರು ಮತ್ತೆ ಪಿಯಾನೋ ಮುಂದೆ ಕೂತರು. ಯುರೋಪಿನಲ್ಲೂ ನುಡಿಸಿದರು. 1977ರಲ್ಲಿ ‘ಟಿಪಿಟಿನಾ’ ಹಾಡಿನ ಹೆಸರಿನಲ್ಲೇ ಒಂದು ಸಂಗೀತ ಕ್ಲಬ್ ತೆರೆಯಿತು. 1980ರ ಜನವರಿ 30ರಂದು, 61ನೇ ವಯಸ್ಸಿನಲ್ಲಿ, ಅವರು ನಿದ್ದೆಯಲ್ಲೇ ತೀರಿಕೊಂಡರು. ಗ್ರ್ಯಾಮಿ ಪ್ರಶಸ್ತಿ ಬಂದದ್ದು ಸತ್ತ ಮೇಲೆ.

ಬಂಧುಗಳೇ, ಪೊರಕೆಯನ್ನು ಹೊಗಳಲು ಇದನ್ನು ಬರೆಯುತ್ತಿಲ್ಲ. ಹುಟ್ಟಿನಿಂದ ಕೈಗೆ ಕೊಟ್ಟ ಪೊರಕೆಯನ್ನು ಬಿಡಿಸಲು ಬಾಬಾಸಾಹೇಬರು ಜೀವ ತೇಯ್ದರು. ಕಸ ಗುಡಿಸುತ್ತಿದ್ದ ಸುನೀತನನ್ನು ಬುದ್ಧರು ಸಂಘಕ್ಕೆ ಕರೆದ ಪ್ರಸಂಗವನ್ನು ಅವರು ತಮ್ಮ ಗ್ರಂಥದಲ್ಲಿ ಬರೆದಿದ್ದಾರೆ. ಎಲ್ಲರ ಕಣ್ಣಿಗೆ ಪೊರಕೆ ಬಿದ್ದ ಕಡೆ ಬುದ್ಧರಿಗೆ ಮನುಷ್ಯ ಕಂಡ. ನನಗೆ ಮಾತ್ರ ನನ್ನ ಅಪ್ಪನಲ್ಲೇ ಪೊರಕೆ ಕಂಡಿತ್ತು.

ಅಪ್ಪ ಈಗಿಲ್ಲ. ಅವರ ಹಾಡುಗಳನ್ನು ನಾನು ಬರೆದಿಟ್ಟುಕೊಳ್ಳಲಿಲ್ಲ, ಎರಡು ಸಾಲು ಮಾತ್ರ ನೆನಪಿವೆ. ನಿಮ್ಮ ಮನೆಯಲ್ಲಿ, ಕೇರಿಯಲ್ಲಿ ಹಿರಿಯರಿದ್ದರೆ ಇಂದೇ ಹತ್ತಿರ ಕೂತು ಅವರಿಗೆ ಬರುವ ಹಾಡು ಕೇಳಿ, ಬರೆದಿಟ್ಟುಕೊಳ್ಳಿ.

ಭವತು ಸಬ್ಬ ಮಂಗಲಂ. ಜೈ ಭೀಮ್.