ಮೀರಜ್‌ನ ತಂಬೂರಿ ಮತ್ತು ಖಾನ್ ಸಾಹೇಬರು

ನಮ್ಮ ಹಳೇಕೋಟೆ ಕಡೆ ತಂಬೂರಿ ಅಂದರೆ ಭಜನೆ, ತತ್ವಪದ ಹಾಡುವವರ ಕೈಯಲ್ಲಿರುವ ವಾದ್ಯ. ಅದೇ ತಂಬೂರಿ ಇಲ್ಲದೆ ಉಸ್ತಾದ್ ಅಬ್ದುಲ್ ಕರೀಮ್ ಖಾನ್ ಸಾಹೇಬರ ಗಾಯನವೂ ಇಲ್ಲ.

ಅವರು ಹುಟ್ಟಿದ್ದು 1872ರಲ್ಲಿ, ಉತ್ತರ ಪ್ರದೇಶದ ಕೈರಾನಾದಲ್ಲಿ. ಕಿರಾನಾ ಘರಾನೆಗೆ ಆ ಊರಿನದೇ ಹೆಸರು. ಚಿಕ್ಕ ವಯಸ್ಸಿಗೇ ಬರೋಡಾ ದರ್ಬಾರಿನ ಗಾಯಕರಾದರು. 1913ರಲ್ಲಿ ಪುಣೆಯಲ್ಲಿ ಸಂಗೀತ ಶಾಲೆ ತೆರೆದರು. ಕೊನೆಗೆ ನೆಲೆಸಿದ್ದು ನಮ್ಮ ಬೆಳಗಾವಿ ಗಡಿಯಾಚೆಯ ಮೀರಜ್‌ನಲ್ಲಿ.

ಕಾಮರ್ಸ್ ಓದುವ ನನಗೆ ಮೀರಜ್‌ನ ಕಥೆ ಬಹಳ ಹಿಡಿಸಿತು. ಅಲ್ಲಿ ಶಿಕಲಗಾರ ಕುಟುಂಬಗಳು ಕತ್ತಿ, ಆಯುಧಗಳನ್ನು ಮಾಡಿ ಬದುಕುತ್ತಿದ್ದವು. ಬ್ರಿಟಿಷರ ಕಾಲದಲ್ಲಿ ಕತ್ತಿಗೆ ಬೇಡಿಕೆ ಬಿತ್ತು. ಆಗ ಫರೀದ್‌ಸಾಹೇಬ್ ಎಂಬವರು ಸಿತಾರ್, ತಂಬೂರಿ ಮಾಡಲು ಶುರು ಮಾಡಿದರು. ಅವರ ವಂಶದವರ ಅಡ್ಡಹೆಸರೇ ಈಗ ಸಿತಾರ್‌ಮೇಕರ್. ಪಂಢರಪುರ ಕಡೆಯ ದೊಡ್ಡ ಕಹಿ ಸೋರೆಯನ್ನು ಒಣಗಿಸಿ ಬುರುಡೆ ಮಾಡುತ್ತಾರೆ, ಅದಕ್ಕೆ ಮರದ ದಂಡ ಕೂರಿಸಿ ನಾಲ್ಕು ತಂತಿ ಬಿಗಿಯುತ್ತಾರೆ. ಕುದುರೆಯ ಮೇಲೆ ತಂತಿಯ ಕೆಳಗೆ ಒಂದು ನೂಲಿನ ಎಳೆ ಇಡುತ್ತಾರೆ. ಅದನ್ನು ಕೂದಲೆಳೆಯಷ್ಟು ಸರಿಸಿದರೆ ನಾದ ಬಿಚ್ಚಿಕೊಳ್ಳುತ್ತದೆ. ಇದೇ ಜೀವಾಳ. ಸಾವಿರಾರು ರೂಪಾಯಿಯ ವಾದ್ಯದ ಬೆಲೆ ಒಂದು ದಾರದ ಮೇಲೆ ನಿಂತಿದೆ! 2024ರಲ್ಲಿ ಮೀರಜ್‌ನ ಸಿತಾರ್, ತಂಬೂರಿಗಳಿಗೆ ಜಿಐ ಟ್ಯಾಗ್ ಕೂಡ ಸಿಕ್ಕಿತು.

ಖಾನ್ ಸಾಹೇಬರು ಈ ಕೆಲಸ ಬಲ್ಲವರು. ವಾದ್ಯ ಕೆಟ್ಟರೆ ತಾವೇ ರಿಪೇರಿ ಮಾಡುತ್ತಿದ್ದರು. ಶ್ರುತಿ ಕೂಡದೆ ಬಾಯಿ ತೆರೆಯುವವರಲ್ಲ. ಮೈಸೂರು ಅರಮನೆಯಲ್ಲಿ ಹಾಡಿದರು, ಕರ್ನಾಟಕ ಸಂಗೀತ ಕೇಳಿ ಮೆಚ್ಚಿ ತ್ಯಾಗರಾಜರ ಕೃತಿಯನ್ನು ಗ್ರಾಮೊಫೋನಿಗೂ ಹಾಡಿದರು. ಕುಂದಗೋಳದ ಬ್ರಾಹ್ಮಣ ಹುಡುಗ ರಾಮಚಂದ್ರನಿಗೆ ವರ್ಷಗಟ್ಟಲೆ ಕಲಿಸಿದರು. ಅವನೇ ಮುಂದೆ ಸವಾಯಿ ಗಂಧರ್ವ. ಗಂಗೂಬಾಯಿ ಹಾನಗಲ್, ಭೀಮಸೇನ ಜೋಶಿ ಇವರ ಶಿಷ್ಯರು. ಧಾರವಾಡ ಸೀಮೆಯ ಸಂಗೀತಕ್ಕೆ ಉರ್ದು ಮಾತಾಡುವ ಒಬ್ಬ ಉಸ್ತಾದರ ಋಣ ಇಷ್ಟಿದೆ ಎಂದು ನಮ್ಮ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಸಂಗೀತ ಕಲಿಯಬಹುದೇ ಎಂದರೆ ಅಬ್ಬಾ ಒಂದು ಹೇಳುತ್ತಾರೆ, ದಾದಿ ಇನ್ನೊಂದು. ಖಾನ್ ಸಾಹೇಬರ ವಿಷಯ ಹೇಳಿದಾಗ ಮಾತ್ರ ಇಬ್ಬರೂ ಕೂತು ಕೇಳಿದರು.

1937ರ ಅಕ್ಟೋಬರ್‌ನಲ್ಲಿ ಪಾಂಡಿಚೇರಿಗೆ ಹೋಗುವಾಗ ರೈಲಿನಲ್ಲಿ ಎದೆನೋವು ಬಂತು. ಸಿಂಗಪೆರುಮಾಳ್ ಕೋಯಿಲ್ ಎಂಬ ಸಣ್ಣ ಸ್ಟೇಷನ್ನಿನಲ್ಲಿ ಇಳಿದರು. ಅಲ್ಲೇ ನಮಾಜ್ ಮಾಡಿ, ದರ್ಬಾರಿ ರಾಗದಲ್ಲಿ ಅಲ್ಲಾಹನನ್ನು ನೆನೆದು ಹಾಡುತ್ತಾ ಪ್ರಾಣ ಬಿಟ್ಟರೆಂದು ಅವರ ಜೀವನಚರಿತ್ರೆಗಳು ಹೇಳುತ್ತವೆ. ಮೀರಜ್‌ನ ಖ್ವಾಜಾ ಮೀರಾಸಾಹೇಬ್ ದರ್ಗಾದಲ್ಲಿ ಅವರ ಸಮಾಧಿಯಿದೆ. ಉರುಸಿನ ದಿನಗಳಲ್ಲಿ ಅವರ ನೆನಪಿಗೆ ಅಲ್ಲಿ ಇಂದಿಗೂ ಹಾಡುತ್ತಾರೆ, ತಂಬೂರಿ ಮೀಟುತ್ತಾರೆ.