ಬಡವರ ಬುತ್ತಿಯ ಲೆಕ್ಕ ಕೇಳಿದ ವಿಲಿಯಂ ಕಾಬೆಟ್

ನಮ್ಮ ಧರ್ಮಸಭೆಯ ಪರವಾಗಿ ದನಿಯೆತ್ತಿದವರೆಲ್ಲ ನಮ್ಮ ಸಭೆಯವರೇ ಆಗಿರಲಿಲ್ಲ. ಇಂಗ್ಲೆಂಡಿನ ಪತ್ರಕರ್ತ ವಿಲಿಯಂ ಕಾಬೆಟ್ ಅಂಥವರಲ್ಲಿ ಒಬ್ಬರು. ಆಂಗ್ಲಿಕನ್ ಸಭೆಯಲ್ಲಿ ಹುಟ್ಟಿ, ಕೊನೆಯವರೆಗೂ ಅದರಲ್ಲಿಯೇ ಉಳಿದ ಈ ರೈತನ ಮಗನ ಬಾಳನ್ನು ಈ ಸಂಚಿಕೆಯಲ್ಲಿ ನೆನೆಯೋಣ.

ಅವರು ಹುಟ್ಟಿದ್ದು 1763ರ ಮಾರ್ಚ್ 9ರಂದು, ಸರ್ರೆ ಪ್ರಾಂತ್ಯದ ಫಾರ್ನಂ ಎಂಬ ಊರಿನಲ್ಲಿ. ಹೊಲಕ್ಕೆ ಇಳಿಯುವ ಹಕ್ಕಿಗಳನ್ನು ಓಡಿಸುವುದೇ ಅವರ ಮೊದಲ ಕೆಲಸ. ಅಕ್ಷರ ಕಲಿಸಿದವರು ತಂದೆ. 1784ರಲ್ಲಿ ಸೈನ್ಯ ಸೇರಿದಾಗ ದಿನಕ್ಕೆ ಆರು ಪೆನ್ನಿ ಸಂಬಳ. ಕಾಗದ, ಲೇಖನಿ ಕೊಳ್ಳಬೇಕಾದರೆ ಹೊಟ್ಟೆ ಕಟ್ಟಬೇಕು. ಹಾಗೆಯೇ ಹಸಿದುಕೊಂಡು ವ್ಯಾಕರಣ ಕಲಿತರು. ಕೆನಡಾದಲ್ಲಿ ಸಾರ್ಜೆಂಟ್ ಮೇಜರ್ ಆದರು. ಅಧಿಕಾರಿಗಳು ಸಿಪಾಯಿಗಳ ಹಣ ನುಂಗುವುದನ್ನು ಕಂಡು, ಸೈನ್ಯ ಬಿಟ್ಟ ಮೇಲೆ ದೂರು ಕೊಟ್ಟರು. ಆದರೆ ತಮಗೇ ಅಪಾಯ ಕಾದಿದೆಯೆಂದು ತಿಳಿದಾಗ ದೇಶ ಬಿಡಬೇಕಾಯಿತು.

ಅಮೆರಿಕದಲ್ಲಿ ಕೆಲವು ವರ್ಷ ರಾಜನ ಪರವಾಗಿ ಬರೆದು, 1800ರಲ್ಲಿ ತಾಯ್ನಾಡಿಗೆ ಮರಳಿದರು. 1802ರಲ್ಲಿ ಪೊಲಿಟಿಕಲ್ ರಿಜಿಸ್ಟರ್ ಎಂಬ ವಾರಪತ್ರಿಕೆ ಆರಂಭಿಸಿದರು. ಮೊದಮೊದಲು ಅದು ಸರ್ಕಾರದ ಪರವಾಗಿಯೇ ಇತ್ತು. ಆದರೆ ಹಳ್ಳಿಗಳ ಸ್ಥಿತಿ ಅವರ ಕಣ್ಣು ತೆರೆಸಿತು. ಊರಿನವರೆಲ್ಲ ದನ ಮೇಯಿಸುತ್ತಿದ್ದ ಗೋಮಾಳಗಳಿಗೆ ಜಮೀನ್ದಾರರ ಬೇಲಿ ಬೀಳುತ್ತಿತ್ತು. ಹಸು ಸಾಕಿಕೊಂಡಿದ್ದ ಬಡವ ಕೂಲಿಯೊಂದನ್ನೇ ನಂಬಬೇಕಾಯಿತು.

ಸಿಪಾಯಿಗಳಿಗೆ ಛಡಿಯೇಟು ಕೊಟ್ಟದ್ದನ್ನು ಖಂಡಿಸಿ ಬರೆದ ಕಾರಣಕ್ಕೆ 1810ರಲ್ಲಿ ಅವರಿಗೆ ಎರಡು ವರ್ಷ ಸೆರೆ, ಸಾವಿರ ಪೌಂಡು ದಂಡ. ನ್ಯೂಗೇಟ್ ಸೆರೆಮನೆಯಲ್ಲಿ ಕುಳಿತೇ ಪತ್ರಿಕೆ ನಡೆಸಿದರು. ತೆರಿಗೆಯ ಭಾರದಿಂದ ಪತ್ರಿಕೆ ಬಡವರ ಕೈಗೆ ಸಿಗುತ್ತಿರಲಿಲ್ಲ. 1816ರಲ್ಲಿ ಸುದ್ದಿ ಬಿಟ್ಟು ಬರೀ ಲೇಖನವನ್ನು ಬಿಡಿ ಹಾಳೆಯಲ್ಲಿ ಅಚ್ಚು ಹಾಕಿ, ಎರಡು ಪೆನ್ನಿಗೆ ಮಾರಿದರು. ವಾರಕ್ಕೆ 40,000ಕ್ಕೂ ಹೆಚ್ಚು ಪ್ರತಿಗಳು ಹೋದವು. ಓದು ಬಾರದವರಿಗೆ ಓದು ಬಲ್ಲವರು ಗಟ್ಟಿಯಾಗಿ ಓದಿ ಹೇಳುತ್ತಿದ್ದರು. ಮತ್ತೆ ಬಂಧನದ ಭಯ ಬಂದು 1817ರಲ್ಲಿ ಅಮೆರಿಕಕ್ಕೆ ಹೋದರು, 1819ರಲ್ಲಿ ಹಿಂತಿರುಗಿದರು.

ಆಮೇಲೆ ಕುದುರೆಯೇರಿ ದಕ್ಷಿಣ ಇಂಗ್ಲೆಂಡಿನ ಹಳ್ಳಿಗಳನ್ನು ಸುತ್ತಿದರು. ಹೊಲದ ಮಣ್ಣು, ಬೆಳೆ, ಕೂಲಿಯವನ ಗುಡಿಸಲು, ಅವನ ಊಟ ಎಲ್ಲವನ್ನೂ ನೋಡಿ ಬರೆದರು. ಗೋಧಿ ಹುಲುಸಾಗಿ ಬೆಳೆಯುವ ನೆಲದಲ್ಲೇ ಅದನ್ನು ಬೆಳೆಯುವವನು ಹೆಚ್ಚು ಹಸಿದಿರುವುದನ್ನು ಕಂಡರು. ಈ ಬರಹಗಳೇ 1830ರಲ್ಲಿ ರೂರಲ್ ರೈಡ್ಸ್ ಎಂಬ ಪುಸ್ತಕವಾದವು.

ಈ ಹಸಿವಿನ ಬೇರು ಹುಡುಕುತ್ತ ಹೋದವರು ಮುರಿದುಬಿದ್ದ ಮಠಗಳ ಬಾಗಿಲಿಗೆ ಬಂದು ನಿಂತರು. ಎಂಟನೆಯ ಹೆನ್ರಿ ರಾಜ 1536ರಿಂದ 1540ರೊಳಗೆ ಇಂಗ್ಲೆಂಡಿನ ಸನ್ಯಾಸಿ ಮಠಗಳನ್ನು ಮುಚ್ಚಿಸಿ, ಅವುಗಳ ಆಸ್ತಿ ವಶಪಡಿಸಿಕೊಂಡಿದ್ದ. ಬಡವನಿಗೆ ಅನ್ನ, ದಾರಿಹೋಕನಿಗೆ ಆಸರೆ, ರೋಗಿಗೆ ಆರೈಕೆ ಸಿಗುತ್ತಿದ್ದ ಆ ಮನೆಗಳು ಹೋದ ಮೇಲೆ ಅವರ ಗತಿಯೇನು? ಈ ಪ್ರಶ್ನೆ ಹಿಡಿದು, ಜಾನ್ ಲಿಂಗಾರ್ಡ್ ಎಂಬ ಕಥೋಲಿಕ ಗುರುಗಳ ಇತಿಹಾಸ ಗ್ರಂಥದ ನೆರವಿನಿಂದ, 1824ರಿಂದ ಕಾಬೆಟ್ ಪ್ರೊಟೆಸ್ಟೆಂಟ್ ಸುಧಾರಣೆಯ ಚರಿತ್ರೆಯನ್ನು ಪತ್ರಗಳ ರೂಪದಲ್ಲಿ ಬರೆದರು. ಅದು ಅಪಾರವಾಗಿ ಮಾರಾಟವಾಯಿತು, ಹಲವು ಭಾಷೆಗಳಿಗೂ ಹೋಯಿತು. ಅದರಲ್ಲಿ ಆವೇಶ, ಅತಿಶಯ ಇವೆ ಎಂದು ನಾವೂ ಒಪ್ಪಬೇಕು. ಆದರೆ ಕಥೋಲಿಕರಿಗೆ ಸಂಸತ್ತಿನಲ್ಲಿ ಕೂರುವ ಹಕ್ಕೇ ಇಲ್ಲದ ಕಾಲವದು. ಆ ಹಕ್ಕು ಬಂದದ್ದು 1829ರಲ್ಲಿ.

1830ರಲ್ಲಿ ಕೂಲಿಕಾರರು ದಂಗೆಯೆದ್ದಾಗ, ಅವರನ್ನು ಕೆರಳಿಸಿದರೆಂದು ಕಾಬೆಟರ ಮೇಲೆ ಮೊಕದ್ದಮೆ ಬಂತು. ಅವರೇ ತಮ್ಮ ಪರ ವಾದಿಸಿದರು. ಜ್ಯೂರಿಯಲ್ಲಿ ಒಮ್ಮತ ಬಾರದೆ ಬಿಡುಗಡೆಯಾಯಿತು. 1832ರಲ್ಲಿ ಓಲ್ಡಂ ಕ್ಷೇತ್ರದಿಂದ ಸಂಸತ್ತಿಗೆ ಆರಿಸಿಬಂದರು. ನೆರವು ಬೇಡುವ ಬಡವರನ್ನು ಸರ್ಕಾರದ ದುಡಿಮೆಯ ಮನೆಗಳಿಗೆ ತಳ್ಳಿ, ಗಂಡಹೆಂಡಿರನ್ನೂ ಬೇರೆ ಇಡುವ 1834ರ ಕಾನೂನನ್ನು ಬಲವಾಗಿ ವಿರೋಧಿಸಿದರು. 1835ರ ಜೂನ್ 18ರಂದು ತೀರಿಕೊಂಡರು. ಹುಟ್ಟೂರು ಫಾರ್ನಂನ ದೇವಾಲಯದ ಅಂಗಳದಲ್ಲಿಯೇ ಅವರ ಸಮಾಧಿಯಿದೆ.

ಅವರನ್ನು ಸಂತರ ಸಾಲಿಗೆ ಸೇರಿಸಲು ನಾವು ಹೊರಟಿಲ್ಲ. ಯೆಹೂದ್ಯರ ಬಗ್ಗೆ, ಕರಿಯ ಗುಲಾಮರ ಬಗ್ಗೆ ಅವರು ಬರೆದ ಮಾತುಗಳು ಕ್ರೂರವಾದವು. ತನ್ನ ಹಳ್ಳಿಯ ಬಡವನ ನೋವು ಕಂಡ ಕಣ್ಣಿಗೆ ದೂರದ ಗುಲಾಮನ ನೋವು ಕಾಣಲಿಲ್ಲ. ಒಳ್ಳೆಯದನ್ನು ಮಾಡಿದವರಲ್ಲೂ ಇಂಥ ಕುರುಡು ಇರುತ್ತದೆ ಎಂಬುದು ನಮಗೂ ಎಚ್ಚರಿಕೆ.

ಅಲ್ಪಸಂಖ್ಯಾತರಾದ ನಮಗೆ ಇಲ್ಲಿ ಒಂದು ಪಾಠವಿದೆ. ಕಾಬೆಟರನ್ನು ನಮ್ಮ ಸಭೆಯ ಕಡೆಗೆ ತಿರುಗಿಸಿದ್ದು ನಮ್ಮ ವಾದವಲ್ಲ, ಮುನ್ನೂರು ವರ್ಷ ಹಿಂದೆ ಮಠದ ಬಾಗಿಲಲ್ಲಿ ಹಂಚುತ್ತಿದ್ದ ರೊಟ್ಟಿ. ಇಂದು ನಮ್ಮ ದೇವಾಲಯದ ಬಾಗಿಲಿಗೆ ಬರುವ ಹಸಿದವನಿಗೆ, ಅವನು ಯಾವ ಮತದವನಾಗಲಿ, ಯಾವ ಭಾಷೆಯವನಾಗಲಿ, ಏನು ಸಿಗುತ್ತಿದೆ ಎಂದು ನಾವೂ ಕೇಳಿಕೊಳ್ಳೋಣ.